ಅಡಗಿ ಬದುಕುವ ಆಟವೂ ಹಗ್ಗ ಹಿಡಿಯುವ ಮನೆಯವರೂ

ಮನುಷ್ಯನು ಭಯವನ್ನು ದೂರಮಾಡುವುದಕ್ಕಾಗಿ ದೀಪವನ್ನು ಹಚ್ಚಿದನು, ಬಾಗಿಲಿಗೆ ಅಗುಳಿಯನ್ನು ಹಾಕಿದನು, ಊರಿಗೆ ಕಾವಲನ್ನಿಟ್ಟನು. ಆದರೂ ಅದೇ ಮನುಷ್ಯನು ಬಿಡುವು ದೊರೆತಾಗ ಭಯವನ್ನು ಹುಡುಕಿಕೊಂಡು ಹೋಗುವುದುಂಟು. ಚಳಿಗಾಲದ ರಾತ್ರಿ ಬಚ್ಚಲೊಲೆಯ ಮುಂದೆ ಕುಳಿತು ದೆವ್ವದ ಕಥೆಯನ್ನು ಕೇಳದೆ ಬೆಳೆದವರು ನಮ್ಮ ಮಲೆನಾಡಿನಲ್ಲಿ ವಿರಳ. ಭರತಮುನಿಯು ನಾಟ್ಯಶಾಸ್ತ್ರದಲ್ಲಿ ಶೃಂಗಾರ, ಹಾಸ್ಯ ಮೊದಲಾದವುಗಳ ಸಾಲಿನಲ್ಲಿಯೇ ಭಯಾನಕವನ್ನೂ ಒಂದು ರಸವೆಂದು ಎಣಿಸಿರುವನಷ್ಟೆ. ಹೆದರಿಕೆಯಲ್ಲಿಯೂ ಒಂದು ರುಚಿಯುಂಟೆಂಬುದು ಪೂರ್ವಿಕರಿಗೆ ತಿಳಿಯದ ಸಂಗತಿಯಾಗಿರಲಿಲ್ಲ.

ಈ ರುಚಿಗೆ ಈಗ ಹೊಸದೊಂದು ಪಾತ್ರೆ ಬಂದಿದೆ. 2020ರ ಮಾರ್ಚಿನಲ್ಲಿ ಕೊರೋನಾ ರೋಗದ ನಿಮಿತ್ತ ಶಾಲೆಗಳು ಮುಚ್ಚಿದ ಬಳಿಕ ಪಾಠಕ್ಕೆಂದು ಮಕ್ಕಳ ಕೈಗೆ ಮೊಬೈಲು ಬಂದಿತು. ಶಿರಸಿ, ಸಿದ್ದಾಪುರ, ಯಲ್ಲಾಪುರ ಸೀಮೆಯ ತೋಟದ ಮನೆಗಳ ಮಕ್ಕಳು ಸಿಗ್ನಲ್ಲು ಸಿಕ್ಕುವ ಗುಡ್ಡದ ನೆತ್ತಿಯನ್ನು ಹುಡುಕಿ, ಮಳೆಯಲ್ಲಿ ಕೊಡೆ ಹಿಡಿದು ಪಾಠ ಕೇಳಿದ ದಿನಗಳನ್ನು ವಾಚಕರು ಮರೆತಿರಲಾರರು. ಮುಂದೆ ಶಾಲೆಗಳೇನೋ ತೆರೆದವು. ಮೊಬೈಲು ಮಾತ್ರ ಮನೆಯಲ್ಲಿಯೇ ಉಳಿಯಿತು. ಅದರೊಂದಿಗೆ ಮನೆಯನ್ನು ಹೊಕ್ಕ ಆಟಗಳಲ್ಲಿ ಒಂದು ಜಾತಿಯನ್ನು ಕುರಿತು ನಾವಿಲ್ಲಿ ನಾಲ್ಕು ಮಾತುಗಳನ್ನು ಹೇಳಬೇಕೆಂದಿದ್ದೇವೆ. ಅದು ಅಡಗಿಕೊಂಡು ಜೀವ ಉಳಿಸಿಕೊಳ್ಳುವ ಭೀತಿಯ ಆಟ. ಹಿರಿಯರಲ್ಲಿ ಬಹುಮಂದಿ ಅದನ್ನು ಆಡಿದವರಲ್ಲ. ಮಕ್ಕಳಲ್ಲಿ ಬಹುಮಂದಿ ಅದರ ವಿಷಯವನ್ನು ಹಿರಿಯರ ಮುಂದೆ ಎತ್ತುವವರಲ್ಲ. ಆದಕಾರಣ ಆ ಆಟವೆಂದರೇನು, ಅದರಲ್ಲಿ ಬದುಕುವುದು ಹೇಗೆ, ಅದನ್ನಾಡುವ ಮಕ್ಕಳ ವಿಷಯದಲ್ಲಿ ಮನೆಯವರು ಮಾಡತಕ್ಕದ್ದೇನು ಎಂಬುದನ್ನು ಕ್ರಮವಾಗಿ ವಿಚಾರಿಸೋಣ.

ಆಟದ ಸ್ವರೂಪ

ವಿಡಿಯೋ ಗೇಮು ಎಂದೊಡನೆ ಬಂದೂಕು ಹಿಡಿದು ಗುಂಡು ಹಾರಿಸುವ ಆಟವೇ ಹಿರಿಯರ ಕಣ್ಣಿಗೆ ಬರುತ್ತದೆ. ನಾವು ಹೇಳುತ್ತಿರುವ ಆಟವು ಅದಕ್ಕೆ ವಿರುದ್ಧವಾದುದು. ಇಲ್ಲಿ ಆಡುವವನ ಕೈಯಲ್ಲಿ ಆಯುಧವಿಲ್ಲ. ಇದ್ದರೂ ಅದರಿಂದ ವೈರಿಯು ಸಾಯುವುದಿಲ್ಲ. ಕಣ್ಣಿಗೆ ಬೀಳದೆ, ಸಪ್ಪಳ ಮಾಡದೆ, ಕತ್ತಲೆಯಲ್ಲಿ ನುಸುಳಿ ಹೊರಬೀಳುವುದೊಂದೇ ದಾರಿ.

ಮಕ್ಕಳ ಮೊಬೈಲುಗಳಲ್ಲಿ ಹೆಚ್ಚಾಗಿ ಕಾಣಬರುವ ಒಂದು ಉದಾಹರಣೆಯನ್ನು ಕೊಡುತ್ತೇವೆ. 2017ರಲ್ಲಿ ಹೊರಟ ಆ ಆಟದ ಹೆಸರು ‘ಗ್ರ್ಯಾನಿ’; ಎಂದರೆ ಅಜ್ಜಿ. ಆಡುವವನು ಅಪರಿಚಿತವಾದ ಹಳೆಯ ಮನೆಯೊಂದರ ಕೋಣೆಯಲ್ಲಿ ಕಣ್ಣು ತೆರೆಯುತ್ತಾನೆ. ಹೊರಬಾಗಿಲಿಗೆ ಬೀಗಗಳು ಬಿದ್ದಿರುತ್ತವೆ. ಮನೆಯಲ್ಲೆಲ್ಲ ದೊಣ್ಣೆ ಹಿಡಿದ ಮುದುಕಿಯೊಬ್ಬಳು ಸುತ್ತುತ್ತಿರುತ್ತಾಳೆ. ಅವಳ ಕಿವಿ ಬಹಳ ಚುರುಕು. ನೆಲದ ಹಲಗೆ ಕಿರುಗುಟ್ಟಿದರೆ ಅಥವಾ ಕೈಯಲ್ಲಿದ್ದ ವಸ್ತುವು ಕೆಳಗೆ ಬಿದ್ದರೆ ಸಾಕು, ಆ ಸದ್ದಿನ ಜಾಡನ್ನು ಹಿಡಿದು ಬರುತ್ತಾಳೆ. ಆಗ ಮಂಚದ ಕೆಳಗೋ ಕಪಾಟಿನೊಳಗೋ ಅಡಗಬೇಕು. ಆಡುವವನಿಗೆ ದೊರೆಯುವುದು ಐದು ದಿನಗಳು. ಒಮ್ಮೆ ಸಿಕ್ಕಿಬಿದ್ದರೆ ಒಂದು ದಿನ ಕಳೆಯಿತು. ಅಷ್ಟರೊಳಗೆ ಮನೆಯ ಮೂಲೆಮೂಲೆಗಳಲ್ಲಿ ಬಚ್ಚಿಟ್ಟ ಉಪಕರಣಗಳನ್ನು ಹುಡುಕಿ, ಬೀಗಗಳನ್ನು ತೆಗೆದು ಪಾರಾಗತಕ್ಕದ್ದು.

ಈ ಬಗೆಯ ಆಟಕ್ಕೆ ನಾಲ್ಕು ದಶಕಗಳಿಗೆ ಮೀರಿದ ಚರಿತ್ರೆಯಿದೆ. 1981ರಲ್ಲಿ ಅಮೇರಿಕದ ಸೈಲಸ್ ವಾರ್ನರ್ ಎಂಬವರು ‘ಕ್ಯಾಸಲ್ ವುಲ್ಫನ್‌ಸ್ಟೈನ್’ ಎಂಬ ಆಟವನ್ನು ರಚಿಸಿ, ಕಾವಲುಗಾರರ ಕಣ್ಣು ತಪ್ಪಿಸಿ ಕೋಟೆಯಿಂದ ಪಾರಾಗುವ ಪರಿಯನ್ನು ತೋರಿಸಿದರು. 1987ರಲ್ಲಿ ಜಪಾನಿನ ಹಿಡಿಯೊ ಕೊಜಿಮಾ ಎಂಬವರು ‘ಮೆಟಲ್ ಗಿಯರ್’ ಎಂಬ ಯುದ್ಧದ ಆಟವನ್ನು ಮಾಡಹೊರಟಾಗ, ಅಂದಿನ ಗಣಕಯಂತ್ರಕ್ಕೆ ಪರದೆಯ ಮೇಲೆ ಬಹಳ ಸೈನಿಕರನ್ನೂ ಗುಂಡುಗಳನ್ನೂ ಒಟ್ಟಿಗೆ ತೋರಿಸುವ ಶಕ್ತಿಯಿರಲಿಲ್ಲ. ಕಾದಾಡುವುದಕ್ಕೆ ಆಗದಿದ್ದರೆ ತಪ್ಪಿಸಿಕೊಳ್ಳುವುದನ್ನೇ ಆಟವಾಗಿ ಮಾಡೋಣವೆಂದು ಅವರು ನಿಶ್ಚಯಿಸಿದರು. ಯಂತ್ರದ ಬಡತನವು ಹೀಗೆ ಒಂದು ಹೊಸ ಕಲೆಗೆ ಕಾರಣವಾಯಿತು.

ಅಡಗುವ ಆಟಕ್ಕೆ ಭೂತದ ಮನೆಯ ಭೀತಿಯು ಕೂಡಿಕೊಂಡುದು ತುಸು ಮುಂದಿನ ಮಾತು. 1995ರಲ್ಲಿ ಜಪಾನಿನಲ್ಲಿ ಹೊರಟ ‘ಕ್ಲಾಕ್ ಟವರ್’ ಆಟದಲ್ಲಿ ಜೆನ್ನಿಫರ್ ಎಂಬ ಅನಾಥ ಬಾಲಿಕೆಯನ್ನು ದೊಡ್ಡ ಕತ್ತರಿಯನ್ನು ಹಿಡಿದವನೊಬ್ಬನು ಬೆನ್ನಟ್ಟುತ್ತಾನೆ. 2010ರಲ್ಲಿ ಸ್ವೀಡನ್ ದೇಶದ ಸಂಸ್ಥೆಯೊಂದು ಹೊರತಂದ ‘ಅಮ್ನೀಶಿಯಾ’ ಎಂಬ ಆಟದ ನಾಯಕನಿಗೆ ತಾನು ಯಾರೆಂಬುದೇ ಮರೆತಿರುತ್ತದೆ. ಹಳೆಯ ಕೋಟೆಯೊಂದರಲ್ಲಿ ಲಾಂದ್ರದ ಎಣ್ಣೆಯನ್ನು ಉಳಿಸಿಕೊಂಡು ನಡೆಯಬೇಕು. ಕತ್ತಲೆಯಲ್ಲಿ ಬಹಳ ಹೊತ್ತು ನಿಂತರೂ, ಪಿಶಾಚಿಯನ್ನು ದಿಟ್ಟಿಸಿ ನೋಡಿದರೂ ಅವನ ಬುದ್ಧಿಯು ಕಲಕಿ ಪರದೆಯೇ ಸುತ್ತತೊಡಗುತ್ತದೆ. 2013ರ ‘ಔಟ್‌ಲಾಸ್ಟ್’, 2014ರ ‘ಏಲಿಯನ್: ಐಸೋಲೇಶನ್’ ಎಂಬವೂ ಇದೇ ಕುಲದವು. ವೈರಿಗಿಂತಲೂ ಹೆಚ್ಚಾಗಿ ಮನಸ್ಸೇ ಮನಸ್ಸನ್ನು ಹೆದರಿಸುವಂತೆ ಇವುಗಳನ್ನು ಕಟ್ಟಿರುವುದರಿಂದ ಇವಕ್ಕೆ ಮಾನಸಿಕ ಭೀತಿಯ ಆಟಗಳೆಂದು ಹೆಸರು.

ಹೆದರಿಕೆಯನ್ನು ಹೆಣೆಯುವ ಬಗೆ

ಈ ಆಟಗಳಲ್ಲಿ ಕಣ್ಣಿಗಿಂತ ಕಿವಿಗೆ ಹೆಚ್ಚು ಕೆಲಸ. ಪಕ್ಕದ ಕೋಣೆಯಲ್ಲಿ ಹೆಜ್ಜೆಯ ಸದ್ದು, ಅಟ್ಟದ ಮೇಲೆ ಏನೋ ಎಳೆದ ಸದ್ದು, ಮತ್ತೆ ಮೌನ. ಕಾಣದಿರುವುದನ್ನು ಮನಸ್ಸು ತಾನೇ ಚಿತ್ರಿಸಿಕೊಳ್ಳುತ್ತದೆ. ಅದು ಚಿತ್ರಿಸಿಕೊಂಡಷ್ಟು ಘೋರವಾದುದನ್ನು ಯಾವ ಚಿತ್ರಕಾರನೂ ಬರೆಯಲಾರನು. ಇಯರ್‌ಫೋನನ್ನು ಕಿವಿಗೆ ಸಿಕ್ಕಿಸಿಕೊಂಡರೆ ಹೊರಗಿನ ಲೋಕದ ಸದ್ದು ನಿಂತು ಈ ಸದ್ದೊಂದೇ ತಲೆಯಲ್ಲಿ ತುಂಬುತ್ತದೆ.

‘ಏಲಿಯನ್: ಐಸೋಲೇಶನ್’ ಎಂಬ ಆಟದ ಒಳಗಿನ ಏರ್ಪಾಡು ಬಹಳ ಕುತೂಹಲಕರವಾದುದು. ಆಕಾಶದಲ್ಲಿ ತೇಲುವ ಒಂದು ದೊಡ್ಡ ನೆಲೆಯಲ್ಲಿ ಕೊಲ್ಲಲಾಗದ ಪ್ರಾಣಿಯೊಂದು ಅಲೆಯುತ್ತಿರುತ್ತದೆ. ಆ ಪ್ರಾಣಿಯನ್ನು ನಡೆಸುವುದಕ್ಕೆ ಆಟದಲ್ಲಿ ಎರಡು ಬುದ್ಧಿಗಳಿವೆ. ಒಂದು, ಸೂತ್ರಧಾರನ ಬುದ್ಧಿ. ಆಡುವವನು ಎಲ್ಲಿರುವನೆಂಬುದು ಅದಕ್ಕೆ ಯಾವಾಗಲೂ ಗೊತ್ತು. ಎರಡನೆಯದು, ಪ್ರಾಣಿಯ ಸ್ವಂತ ಬುದ್ಧಿ. ಅದಕ್ಕೆ ಅದು ಗೊತ್ತಿಲ್ಲ. ಸೂತ್ರಧಾರನು ‘ಆ ಭಾಗದಲ್ಲಿ ನೋಡು’ ಎಂದು ಸುಳಿವನ್ನಷ್ಟೇ ಕೊಡುತ್ತಾನೆ. ಪ್ರಾಣಿಯು ಅಲ್ಲಿಗೆ ಬಂದು ತನ್ನ ಕಣ್ಣುಕಿವಿಗಳಿಂದಲೇ ಹುಡುಕಬೇಕು. ಇನ್ನೂ ಒಂದು ವಿಶೇಷವಿದೆ. ಪ್ರಾಣಿಯು ಬಹಳ ಹೊತ್ತು ಹತ್ತಿರದಲ್ಲಿಯೇ ಸುಳಿದಾಡಿ ಆಡುವವನ ಎದೆಬಡಿತವು ಮಿತಿಮೀರುವಂತಾದರೆ, ಸೂತ್ರಧಾರನು ಅದನ್ನು ದೂರಕ್ಕೆ ಕಳುಹಿಸಿ ಅವನಿಗೆ ಉಸಿರಾಡಲು ಬಿಡುವನ್ನು ಕೊಡುತ್ತಾನೆ. ಎಡೆಬಿಡದ ಭಯದಿಂದ ಮನಸ್ಸು ಮರಗಟ್ಟಿ ಹೋಗುವುದರಿಂದ ಭಯದ ನಡುವೆ ವಿಶ್ರಾಂತಿಯೂ ಬೇಕೆಂಬುದನ್ನು ಆಟವನ್ನು ಕಟ್ಟಿದವರು ಬಲ್ಲರು.

ಇದೇ ಆಟವನ್ನು ಕೆಲವು ಯಂತ್ರಗಳಲ್ಲಿ ಆಡುವಾಗ, ಬೇಕೆಂದರೆ, ಆಡುವವನು ಕುಳಿತ ಕೋಣೆಯ ಸದ್ದನ್ನೂ ಮೈಕಿನ ಮೂಲಕ ಪ್ರಾಣಿಗೆ ಕೇಳಿಸುವ ಅನುಕೂಲವಿದೆ. ಹುಡುಗನು ಉಸಿರು ಬಿಗಿಹಿಡಿದು ಕಪಾಟಿನಲ್ಲಿ ಅಡಗಿರುವಾಗ ಅಡಿಗೆಮನೆಯಲ್ಲಿ ಕುಕ್ಕರು ಸೀಟಿ ಹೊಡೆಯಿತೆಂದರೆ ಅವನ ಕಥೆ ಮುಗಿದಂತೆಯೇ ಸರಿ. ನಮ್ಮ ಗೃಹಿಣಿಯರು ಅದಕ್ಕಾಗಿ ಅನ್ನ ಮಾಡುವುದನ್ನು ನಿಲ್ಲಿಸಬೇಕೆಂದು ನಾವು ಹೇಳುವುದಿಲ್ಲ.

ಉಳಿಯುವ ಉಪಾಯ

ಬಲ್ಲ ಆಟಗಾರರು ಈ ಆಟಗಳಲ್ಲಿ ಹೇಗೆ ಉಳಿಯುತ್ತಾರೆಂಬುದನ್ನು ವಿಚಾರಿಸಿದರೆ ಕೆಲವು ಸೂತ್ರಗಳು ದೊರೆಯುತ್ತವೆ. ಕೋಣೆಯನ್ನು ಹೊಕ್ಕೊಡನೆ ವಸ್ತುಗಳಿಗೆ ಕೈಹಾಕದೆ, ಅಡಗುವ ಸ್ಥಳವೆಲ್ಲಿ, ಹೊರಬೀಳುವ ದಾರಿಯೆಲ್ಲಿ ಎಂಬುದನ್ನು ಮೊದಲು ನೋಡಿಕೊಳ್ಳಬೇಕು. ಓಡಬಾರದು, ಓಟದ ಸದ್ದು ದೂರಕ್ಕೆ ಕೇಳುತ್ತದೆ. ವೈರಿಯ ಹೆಜ್ಜೆಯನ್ನು ಕಿವಿಗೊಟ್ಟು ಕೇಳಿ, ಅವನು ತಿರುಗುವ ಕ್ರಮವನ್ನು ಗುರುತಿಸಬೇಕು. ಅವನು ಬೆನ್ನು ತಿರುಗಿಸಿದಾಗ ಸ್ವಲ್ಪ ದೂರ ಸರಿದು ಮತ್ತೆ ನಿಲ್ಲಬೇಕು. ಒಂದು ವಸ್ತುವನ್ನು ಬೇರೆ ದಿಕ್ಕಿಗೆ ಎಸೆದರೆ ವೈರಿಯು ಆ ಸದ್ದನ್ನು ಹಿಡಿದು ಹೋಗುವುದುಂಟು. ಆ ಗಳಿಗೆಯನ್ನು ಉಪಯೋಗಿಸಿಕೊಳ್ಳಬೇಕು. ದೀಪದ ಎಣ್ಣೆಯನ್ನೋ ಬ್ಯಾಟರಿಯನ್ನೋ ಕೈಬಿಚ್ಚಿ ಖರ್ಚುಮಾಡಬಾರದು. ಎಲ್ಲಕ್ಕೂ ಮೇಲಾಗಿ, ಸಿಕ್ಕಿಬಿದ್ದುದಕ್ಕೆ ವ್ಯಥೆಪಡದೆ, ಎಲ್ಲಿ ತಪ್ಪಿತೆಂಬುದನ್ನು ನೆನಪಿಟ್ಟು ಮರಳಿ ಆಡಬೇಕು.

ಇವೆಲ್ಲ ನಮಗೆ ತೀರ ಹೊಸವೆ? ಪಾಂಡವರ ಹದಿಮೂರನೆಯ ವರ್ಷವನ್ನು ವಾಚಕರು ನೆನೆಯಬಹುದು. ಗುರುತು ಸಿಕ್ಕಿದರೆ ಮತ್ತೆ ಹನ್ನೆರಡು ವರ್ಷ ವನವಾಸ ಎಂಬ ಷರತ್ತು. ಗದೆಯನ್ನು ಹಿಡಿಯುವ ಕೈಯಲ್ಲಿ ಸೌಟು, ಗಾಂಡೀವವನ್ನು ಹಿಡಿಯುವ ಕೈಯಲ್ಲಿ ತಾಳ. ಕೀಚಕನ ಉಪಟಳವು ಮಿತಿಮೀರಿದಾಗಲೂ ಭೀಮನು ಹಗಲಿನಲ್ಲಿ ಕೈಯೆತ್ತದೆ ಇರುಳಿನ ನಾಟ್ಯಶಾಲೆಯನ್ನು ಆರಿಸಿಕೊಂಡನು. ಬಲವುಳ್ಳವನಿಗೂ ಅಡಗಿ ಕಾಯುವುದು ಒಂದು ವಿದ್ಯೆಯೆಂಬುದನ್ನು ಆ ಕಥೆಯು ಸಾರುತ್ತದೆ. ಮನೆಯ ಮಕ್ಕಳು ಆಡುವ ಕಣ್ಣಾಮುಚ್ಚಾಲೆಯೂ ಇದೇ ವಿದ್ಯೆಯ ಮೊದಲ ಪಾಠವಾಗಿದೆ. ಆದಕಾರಣ ತಾಳ್ಮೆ, ಏಕಾಗ್ರತೆ, ಸೋತರೂ ಮರಳಿ ಯತ್ನಿಸುವ ಬುದ್ಧಿ ಇವುಗಳನ್ನು ಈ ಆಟವು ಸ್ವಲ್ಪಮಟ್ಟಿಗೆ ಅಭ್ಯಾಸ ಮಾಡಿಸುತ್ತದೆಂಬುದನ್ನು ಒಪ್ಪಿಕೊಳ್ಳಲು ಅಡ್ಡಿಯಿಲ್ಲ.

ದೇಹದಲ್ಲಿ ನಡೆಯುವುದೇನು

ಭಯದ ಸುಳಿವು ಸಿಕ್ಕೊಡನೆ ಮೂತ್ರಪಿಂಡಗಳ ನೆತ್ತಿಯ ಮೇಲಿರುವ ಗ್ರಂಥಿಗಳು ಅಡ್ರಿನಲಿನ್ ಎಂಬ ರಸವನ್ನು ರಕ್ತಕ್ಕೆ ಬಿಡುತ್ತವೆ. ಎದೆ ಬಡಿದುಕೊಳ್ಳುತ್ತದೆ, ಉಸಿರು ವೇಗಗೊಳ್ಳುತ್ತದೆ, ಅಂಗೈ ಬೆವರುತ್ತದೆ. ಓಡುವುದಕ್ಕೋ ಕಾದಾಡುವುದಕ್ಕೋ ದೇಹವು ಮಾಡಿಕೊಳ್ಳುವ ಸಿದ್ಧತೆಯಿದು. ಎದುರಿಗಿರುವುದು ಹುಲಿಯೋ ಹುಲಿಯ ಚಿತ್ರವೋ ಎಂಬುದನ್ನು ಬುದ್ಧಿಯು ತೀರ್ಮಾನಿಸುವ ಮೊದಲೇ ದೇಹವು ತನ್ನ ಕೆಲಸವನ್ನು ಆರಂಭಿಸಿಬಿಟ್ಟಿರುತ್ತದೆ. ಅನಂತರ ‘ಇದು ಆಟ’ ಎಂದು ಬುದ್ಧಿಯು ಸಮಾಧಾನ ಹೇಳಿದಾಗ ಒಂದು ಬಗೆಯ ಹಗುರವೂ ಸುಖವೂ ಉಂಟಾಗುತ್ತದೆ.

ಡೆನ್ಮಾರ್ಕ್ ದೇಶದ ಆರ್ಹುಸ್ ವಿಶ್ವವಿದ್ಯಾಲಯದ ಸಂಶೋಧಕರು ಇದನ್ನು ಪರೀಕ್ಷಿಸಿ ನೋಡಿದ್ದಾರೆ. ಜನರನ್ನು ಹೆದರಿಸುವುದಕ್ಕೆಂದೇ ಏರ್ಪಡಿಸಿದ ಭೂತದ ಮನೆಯೊಂದಕ್ಕೆ ಬಂದ 110 ಜನರಿಗೆ ಎದೆಬಡಿತವನ್ನು ಅಳೆಯುವ ಸಾಧನಗಳನ್ನು ತೊಡಿಸಿ, ಹೊರಬಂದ ಮೇಲೆ ಎಷ್ಟು ಹೆದರಿದಿರಿ, ಎಷ್ಟು ಸುಖಪಟ್ಟಿರಿ ಎಂದು ವಿಚಾರಿಸಿದರು. 2020ರಲ್ಲಿ ಪ್ರಕಟವಾದ ಅದರ ಫಲಿತಾಂಶವು ನಮ್ಮ ಅಡಿಗೆಯ ಉಪ್ಪಿನ ನ್ಯಾಯವನ್ನು ಹೋಲುತ್ತದೆ. ಭಯವು ತೀರ ಕಡಿಮೆಯಾದರೆ ಸಪ್ಪೆ; ತೀರ ಹೆಚ್ಚಾದರೆ ಬಾಯಿಗಿಡಲಾಗದು; ನಡುವಣ ಹದದಲ್ಲಿ ಮಾತ್ರ ರುಚಿ. ಆ ಹದವು ಒಬ್ಬೊಬ್ಬರಿಗೆ ಒಂದೊಂದು. ಹದಿನೆಂಟರ ಅಣ್ಣನಿಗೆ ಹಿತವಾದುದು ಒಂಬತ್ತರ ತಂಗಿಗೆ ಹಿತವಾಗಬೇಕೆಂದಿಲ್ಲ.

ಶಿರಸಿಯ ಬೇಡರ ವೇಷ

ಹದ ತಪ್ಪದಂತೆ ಭಯವನ್ನು ಆಡುವುದು ಹೇಗೆಂಬುದಕ್ಕೆ ಒಳ್ಳೆಯ ಮಾದರಿಯು ನಮ್ಮ ಶಿರಸಿಯಲ್ಲಿಯೇ ಇದೆ. ಶ್ರೀ ಮಾರಿಕಾಂಬೆಯ ಜಾತ್ರೆಯು ಎರಡು ವರ್ಷಗಳಿಗೊಮ್ಮೆ ನಡೆಯುತ್ತದಷ್ಟೆ. ಜಾತ್ರೆಯಿಲ್ಲದ ವರ್ಷದ ಹೋಳಿಯಲ್ಲಿ, ರಾತ್ರಿಯ ಹೊತ್ತು ಪೇಟೆಯ ಬೀದಿಗಳಿಗೆ ಬೇಡರ ವೇಷವು ಇಳಿಯುತ್ತದೆ. ಬೆನ್ನಿಗೆ ನವಿಲುಗರಿಗಳ ದೊಡ್ಡ ಕಟ್ಟು, ಘೋರವಾದ ಮುಖವರ್ಣಿಕೆ, ಕೈಯಲ್ಲಿ ಕತ್ತಿಗುರಾಣಿಗಳು. ತಮಟೆಯ ಬಡಿತಕ್ಕೆ ಕುಣಿಯುತ್ತ, ಕೂಗಿ ಆರ್ಭಟಿಸುತ್ತ ವೇಷಧಾರಿಯು ಜನರ ಮೇಲೆ ನುಗ್ಗಿ ಬರುತ್ತಾನೆ. ಸೋಂದೆಯ ಅರಸರ ಕಾಲದಲ್ಲಿ ಊರಿಗೆ ಕಂಟಕನಾಗಿದ್ದ ಮಲ್ಲೇಶಿಯೆಂಬ ಬೇಡನನ್ನು ರುದ್ರಾಂಬಿಕೆಯೆಂಬ ಧೀರಸ್ತ್ರೀಯು ಹಿಡಿಸಿಕೊಟ್ಟಳೆಂಬ ಐತಿಹ್ಯವನ್ನು ಈ ಕುಣಿತವು ನೆನಪಿಗೆ ತರುತ್ತದೆ.

ವೇಷವು ನುಗ್ಗಿದೊಡನೆ ಜನಸಂದಣಿಯು ಹಿಂದೆ ಸರಿಯುತ್ತದೆ. ಮಕ್ಕಳು ತಾಯಿಯ ಸೆರಗಿನಲ್ಲಿ ಮುಖ ಮುಚ್ಚಿಕೊಳ್ಳುತ್ತಾರೆ. ಮರುಗಳಿಗೆಯಲ್ಲಿಯೇ ಸೆರಗನ್ನು ಸರಿಸಿ ಇಣುಕುತ್ತಾರೆ. ಆದರೆ ವೇಷಧಾರಿಯ ಬೆನ್ನ ಹಿಂದೆ ನೋಡಿದರೆ, ಅವನ ಸೊಂಟಕ್ಕೆ ಕಟ್ಟಿದ ಹಗ್ಗವನ್ನು ಹಿಡಿದು ಇಬ್ಬರು ನಿಂತಿರುವುದು ಕಾಣುತ್ತದೆ. ಅವನು ಎಷ್ಟೇ ರಭಸದಿಂದ ಹಾರಿದರೂ ಅವರು ಜಗ್ಗಿ ನಿಲ್ಲಿಸುತ್ತಾರೆ. ಹೆದರಿಕೆ ಬೇಕು, ಆದರೆ ಅದರ ಹಗ್ಗವು ನಂಬಿಕಸ್ತರ ಕೈಯಲ್ಲಿರಬೇಕು ಎಂಬ ವಿವೇಕವನ್ನು ಈ ಊರು ಇಟ್ಟುಕೊಂಡು ಬಂದಿದೆ. ಹೆದರಿದ ಮಗುವಿಗೆ ಅಪ್ಪನು ಆ ಹಗ್ಗವನ್ನೇ ಬೆರಳುಮಾಡಿ ತೋರಿಸುತ್ತಾನೆ.

ಮೊಬೈಲಿನ ಆಟದಲ್ಲಿ ಕೊರತೆಯಾಗಿರುವುದು ಇದೇ. ಬೀದಿಯ ಬದಲಿಗೆ ಕಂಬಳಿಯ ಒಳಗೆ, ಸಾವಿರ ಜನರ ಬದಲಿಗೆ ಒಬ್ಬಂಟಿಯಾಗಿ, ತಾಯಿಯ ಸೆರಗಿನ ಬದಲಿಗೆ ಕಿವಿಯಲ್ಲಿ ಇಯರ್‌ಫೋನು ಸಿಕ್ಕಿಸಿಕೊಂಡು ಮಗುವು ಬೇಡನನ್ನು ಎದುರಿಸುತ್ತದೆ. ಹಗ್ಗವನ್ನು ಹಿಡಿಯುವವರು ಅಲ್ಲಿ ಯಾರೂ ಇಲ್ಲ.

ಮಾತಾಡದ ಅಭ್ಯಾಸ

ಇನ್ನೊಂದು ಸೂಕ್ಷ್ಮವನ್ನು ಗಮನಿಸಬೇಕು. ಆಟದೊಳಗೆ ಸದ್ದು ಶತ್ರು, ಮೌನವೇ ರಕ್ಷೆ. ನಮ್ಮ ಕಾಡಿನ ನ್ಯಾಯ ಹಾಗಲ್ಲ. ಮುಕ್ಕಾಲು ಪಾಲು ಅರಣ್ಯವಿರುವ ಈ ಜಿಲ್ಲೆಯಲ್ಲಿ, ಯಲ್ಲಾಪುರದ ಕಡೆಯ ಕಾಲುದಾರಿಗಳಲ್ಲಿ ರಾತ್ರಿ ನಡೆಯುವ ಹಿರಿಯರು ಸೂಡಿಯನ್ನು ಬೀಸುತ್ತ, ಗಟ್ಟಿಯಾಗಿ ಮಾತಾಡುತ್ತ, ಜೊತೆಗೆ ಯಾರೂ ಇಲ್ಲದಿದ್ದರೆ ಕೆಮ್ಮುತ್ತಲೋ ಪದ ಹೇಳುತ್ತಲೋ ಸಾಗುತ್ತಿದ್ದರು. ಮನುಷ್ಯನ ಸದ್ದು ಕೇಳಿದರೆ ಕರಡಿಯಾಗಲಿ ಕಾಡುಕೋಣವಾಗಲಿ ಸಾಮಾನ್ಯವಾಗಿ ದಾರಿ ಬಿಟ್ಟು ಸರಿಯುತ್ತದೆ. ಸದ್ದಿಲ್ಲದೆ ನಡೆದು ತಟ್ಟನೆ ಎದುರಾದರೆ ಅಪಾಯ. ಮನಸ್ಸಿನೊಳಗಿನ ಭಯಕ್ಕೂ ಈ ಕಾಡಿನ ನ್ಯಾಯವೇ ಸಲ್ಲುತ್ತದೆ. ಅದನ್ನು ಬಾಯಿಬಿಟ್ಟು ಹೇಳಿದರೆ ಅದು ದಾರಿ ಬಿಡುತ್ತದೆ.

ಸಿದ್ದಾಪುರ ಸೀಮೆಯ ಮನೆಯೊಂದರಲ್ಲಿ ನಾವು ಕಂಡ ಸಂಗತಿಯನ್ನು ಇಲ್ಲಿ ಹೇಳುವುದು ಉಚಿತ. ಆ ಮನೆಯ ಹನ್ನೊಂದು ವರ್ಷದ ಹುಡುಗನು ಕೆಲವು ದಿನಗಳಿಂದ ರಾತ್ರಿ ದೀಪ ಆರಿಸಲು ಬಿಡುತ್ತಿರಲಿಲ್ಲ; ಹಿತ್ತಲ ಕಡೆಯ ಬಚ್ಚಲಿಗೆ ಒಬ್ಬನೇ ಹೋಗುತ್ತಿರಲಿಲ್ಲ; ಬೆಳಿಗ್ಗೆ ಶಾಲೆಗೆ ಹೊರಡುವಾಗ ತೂಕಡಿಸುತ್ತಿದ್ದನು. ಕೇಳಿದರೆ ಏನೂ ಇಲ್ಲವೆನ್ನುತ್ತಿದ್ದನು. ಹೇಳಿದರೆ ಮೊಬೈಲನ್ನು ಕಸಿದುಕೊಳ್ಳುವರೆಂಬ ಅಂಜಿಕೆಯು ಅವನಿಗೆ ಮುದುಕಿಯ ಅಂಜಿಕೆಗಿಂತ ದೊಡ್ಡದಾಗಿತ್ತು. ಅವನ ತಂದೆಯು ಸಿಟ್ಟಿನಿಂದ ಮೊಬೈಲನ್ನು ಕಪಾಟಿನಲ್ಲಿಟ್ಟು ಬೀಗ ಹಾಕಬೇಕೆಂದಿದ್ದನು. ಅಷ್ಟರಲ್ಲಿ ಒಂದು ಮಧ್ಯಾಹ್ನ ಜಗಲಿಯಲ್ಲಿ ಅಡಿಕೆ ಆರಿಸುತ್ತ ಕುಳಿತಿದ್ದ ಅಜ್ಜಿಯು ಸಹಜವಾಗಿ ಕೇಳಿದಳು:

“ಎಂತ ಆಟನ ತಮಾ ಅದು?”

“ಅಜ್ಜಿ ಹೇಳಿ ಹೆಸರು. ಸಪ್ಪಳ ಆದ್ರೆ ಅಜ್ಜಿ ಬತ್ತು, ದೊಣ್ಣೆ ತಗಂಡು ಹೊಡೀತು.”

“ಯನ್ನ ಹಂಗೇ ಇದ್ದಾ ಅದು?”

“ಇಲ್ಲೆ. ನಿಂಗೆ ಕಿವಿ ಕೇಳ್ತಿಲ್ಲೆ, ಅದಕ್ಕೆ ಎಲ್ಲಾ ಕೇಳ್ತು.”

ಅಜ್ಜಿಯು ನಕ್ಕು ಅವನ ಪಕ್ಕಕ್ಕೆ ಸರಿದು ಕನ್ನಡಕವನ್ನು ಹಾಕಿಕೊಂಡಳು. ಇಯರ್‌ಫೋನನ್ನು ತೆಗೆಸಿ ಸದ್ದನ್ನು ಹೊರಗೆ ಹಾಕಿಸಿದಳು. ಮುದುಕಿಯು ಬಂದಾಗಲೆಲ್ಲ ಹುಡುಗನಿಗಿಂತ ಮೊದಲೇ “ಮಂಚದ ಅಡಿಗೆ ಹೊಕ್ಕಳ ತಮಾ!” ಎಂದು ಕೂಗತೊಡಗಿದಳು. ಮೂರು ಸಲ ಸಿಕ್ಕಿಬಿದ್ದರೂ ಆ ಹುಡುಗನು ಅಂದು ನಗುತ್ತಲೇ ಆಡಿದನು; ರಾತ್ರಿ ಊಟಕ್ಕೆ ಕುಳಿತಾಗ, ಯಾವ ಕೋಣೆಯಲ್ಲಿ ತನಗೆ ಅತಿಯಾಗಿ ಹೆದರಿಕೆಯಾಗುತ್ತಿತ್ತೆಂಬುದನ್ನು ಎಲ್ಲರ ಮುಂದೆ ತಾನೇ ಹೇಳಿದನು. ಅವನ ಭಯವು ಒಂದೇ ದಿನದಲ್ಲಿ ಹೋಗಲಿಲ್ಲ. ದೀಪವು ಇನ್ನೂ ಕೆಲವು ರಾತ್ರಿ ಉರಿಯಿತು. ಆದರೆ ಅದು ಗುಟ್ಟಿನ ಭಯವಾಗಿ ಉಳಿಯಲಿಲ್ಲ. ತಂದೆಯು ಬೀಗದ ಮಾತನ್ನು ಬಿಟ್ಟು, ರಾತ್ರಿ ಊಟವಾದ ಮೇಲೆ ಮೊಬೈಲು ನಡುಮನೆಯ ಗೂಡಿನಲ್ಲಿರಬೇಕೆಂದು ಕಟ್ಟು ಮಾಡಿದನು.

ಗೃಹಸ್ಥರು ಮಾಡತಕ್ಕದ್ದು

ಮೊದಲನೆಯದಾಗಿ ವಯಸ್ಸನ್ನು ನೋಡಬೇಕು. ಪ್ಲೇ ಸ್ಟೋರಿನಲ್ಲಿ ಪ್ರತಿಯೊಂದು ಆಟದ ಬದಿಗೂ 3, 7, 12, 16, 18 ಎಂಬ ಅಂಕೆಗಳಲ್ಲೊಂದು ಇರುತ್ತದೆ. ಎಷ್ಟು ವರ್ಷ ತುಂಬಿದವರಿಗೆ ಆ ಆಟ ತಕ್ಕದ್ದೆಂಬ ಸೂಚನೆಯದು. ಮೇಲೆ ಹೇಳಿದ ‘ಅಮ್ನೀಶಿಯಾ’, ‘ಔಟ್‌ಲಾಸ್ಟ್’, ‘ಏಲಿಯನ್: ಐಸೋಲೇಶನ್’ ಇವುಗಳಿಗೆ ಅಮೇರಿಕದ ಆಟಗಳ ಮಂಡಲಿಯು 17 ವರ್ಷ ತುಂಬಿದವರಿಗೆ ಎಂಬ ಗುರುತನ್ನು ಹಾಕಿದೆ. ಇವು ಮಕ್ಕಳ ಆಟಗಳಲ್ಲವೆಂದು ತಿಳಿಯತಕ್ಕದ್ದು.

ಎರಡನೆಯದಾಗಿ, ಹೆದರಿದ ಮಗುವನ್ನು ಅದರ ವಯಸ್ಸಿಗೆ ತಕ್ಕಂತೆ ಸಂತೈಸಬೇಕು. ಮಕ್ಕಳ ಭಯವನ್ನು ಬಹುಕಾಲ ಅಭ್ಯಾಸ ಮಾಡಿದ ಅಮೇರಿಕದ ಜೋಆನ್ ಕ್ಯಾಂಟರ್ ಎಂಬ ವಿದುಷಿಯು ತೋರಿಸಿರುವಂತೆ, ಸುಮಾರು ಏಳು ವರ್ಷದೊಳಗಿನ ಮಕ್ಕಳು ವಿಕಾರವಾದ ರೂಪಕ್ಕೇ ಹೆದರುತ್ತಾರೆ. ‘ಅದು ನಿಜವಲ್ಲ’ ಎಂಬ ಮಾತಿನಿಂದ ಅವರಿಗೆ ಹೆಚ್ಚಿನ ಸಮಾಧಾನವಾಗದು. ಅಂಥವರಿಗೆ ತೊಡೆಯ ಆಶ್ರಯ, ಕುಡಿಯಲು ನೀರು, ಬೇರೆ ಆಟಿಕೆ ಇವುಗಳೇ ಮದ್ದು. ಅದಕ್ಕಿಂತ ದೊಡ್ಡವರಿಗೆ ವಿವರಣೆಯು ಫಲಕಾರಿ. ಅವರಿಗೆ ಮೇಲೆ ಹೇಳಿದ ಸೂತ್ರಧಾರನ ಕಥೆಯನ್ನು ಹೇಳಿರಿ. ಪ್ರಾಣಿಯು ಬರುವುದೂ ಹೋಗುವುದೂ ಯಾರೋ ಬರೆದಿಟ್ಟ ಲೆಕ್ಕದಂತೆ ಎಂದು ತಿಳಿದ ಹುಡುಗನು ಆ ಲೆಕ್ಕವನ್ನು ಬಿಡಿಸಲು ಹೊರಡುತ್ತಾನೆ. ಅಷ್ಟರಮಟ್ಟಿಗೆ ಅವನ ಭಯವು ಕುತೂಹಲವಾಗಿ ಮಾರ್ಪಡುತ್ತದೆ.

ಮೂರನೆಯದಾಗಿ, ಹೊತ್ತನ್ನೂ ಸ್ಥಳವನ್ನೂ ಗೊತ್ತುಮಾಡಬೇಕು. ಆಡುವುದಾದರೆ ಹಗಲಿನಲ್ಲಿ, ಜಗಲಿಯಲ್ಲೋ ನಡುಮನೆಯಲ್ಲೋ, ಇಯರ್‌ಫೋನಿಲ್ಲದೆ ಆಡಲಿ. ಮಲಗುವುದಕ್ಕೆ ಒಂದು ತಾಸು ಮೊದಲೇ ಎಲ್ಲ ಪರದೆಗಳನ್ನೂ ಮುಚ್ಚಿಡಬೇಕೆಂದು ಅಮೇರಿಕದ ಮಕ್ಕಳ ವೈದ್ಯರ ಸಂಘವು ಸಲಹೆ ಕೊಟ್ಟಿದೆ. ಭೀತಿಯ ಆಟಕ್ಕಾದರೆ ಇನ್ನೂ ಹೆಚ್ಚು ಅಂತರವಿದ್ದರೆ ಮೇಲು. ಕೆರಳಿದ ಎದೆಯು ತಣಿಯುವುದಕ್ಕೆ ಹೊತ್ತು ಬೇಕು.

ನಾಲ್ಕನೆಯದಾಗಿ, ಆಟದಲ್ಲಿ ತೋರಿಸಿದ ತಪ್ಪು ಭಾವನೆಗಳನ್ನು ತಿದ್ದಬೇಕು. ‘ಔಟ್‌ಲಾಸ್ಟ್’ ಆಟದ ಕಥೆಯು ಹುಚ್ಚಾಸ್ಪತ್ರೆಯೊಂದರಲ್ಲಿ ನಡೆಯುತ್ತದೆ. ಅಲ್ಲಿ ರೋಗಿಗಳೇ ರಾಕ್ಷಸರು. ನಮ್ಮ ಊರುಗಳಿಂದಲೂ ಮನೋರೋಗದ ಚಿಕಿತ್ಸೆಗೆಂದು ಧಾರವಾಡದ ಸಂಸ್ಥೆಗೆ ಹೋಗಿಬರುವ ಬಂಧುಗಳಿದ್ದಾರೆ. ಅವರು ನಮ್ಮಂತೆಯೇ ನೋಯುವ ಮನುಷ್ಯರೆಂಬುದನ್ನು ಮಕ್ಕಳಿಗೆ ಹೇಳದೆ ಬಿಡಕೂಡದು. ‘ಅಜ್ಜಿ’ಯ ಆಟದ ವಿಷಯದಲ್ಲಂತೂ ಮನೆಯ ಅಜ್ಜಿಯಂದಿರೇ ತಮ್ಮ ಮಾನವನ್ನು ಕಾಯ್ದುಕೊಳ್ಳಬಲ್ಲರು.

ಐದನೆಯದಾಗಿ, ಮಗುವು ತನ್ನ ಭಯವನ್ನು ಹೇಳಿಕೊಂಡಾಗ ಅದಕ್ಕೆ ಶಿಕ್ಷೆ ಕೊಡಬಾರದು, ಅಪಹಾಸ್ಯವನ್ನೂ ಮಾಡಬಾರದು. ‘ಇಷ್ಟು ದೊಡ್ಡವನಾಗಿ ಹೆದರುತ್ತೀಯಾ?’ ಎಂಬ ಒಂದು ಮಾತು ಸಾಕು, ಅದು ಮುಂದೆ ಬಾಯಿ ತೆರೆಯದು. ಇಂದು ಆಟದ ಮುದುಕಿಯ ಭಯವನ್ನು ಮುಚ್ಚಿಡಲು ಕಲಿತ ಮಗುವು ನಾಳೆ ಬಸ್ಸಿನಲ್ಲಿ ಕಾಡಿದ ಮನುಷ್ಯನ ವಿಷಯವನ್ನೂ, ಮೊಬೈಲಿನಲ್ಲಿ ಬೆದರಿಸಿದ ಅಪರಿಚಿತನ ವಿಷಯವನ್ನೂ ಮುಚ್ಚಿಡಬಹುದು. ಈ ವಿಚಾರದಲ್ಲಿ ನಾವು ಇಷ್ಟು ವಿಸ್ತಾರವಾಗಿ ಬರೆದುದಕ್ಕೆ ಇದೇ ಮುಖ್ಯವಾದ ಕಾರಣ.

ಕೊನೆಯದಾಗಿ, ಕೆಲವು ವಾರಗಳು ಕಳೆದರೂ ನಿದ್ದೆ ಬಾರದಿದ್ದರೆ, ಊಟ ತಿಂಡಿಗಳು ಕಡಿಮೆಯಾದರೆ, ಶಾಲೆಗೆ ಹೋಗಲು ಒಲ್ಲೆನೆಂದರೆ ವೈದ್ಯರನ್ನು ಕಾಣುವುದರಲ್ಲಿ ಸಂಕೋಚಪಡಬಾರದು. 2022ರ ಅಕ್ಟೋಬರಿನಲ್ಲಿ ಭಾರತ ಸರಕಾರವು ಆರಂಭಿಸಿದ ‘ಟೆಲಿ ಮಾನಸ್’ ಎಂಬ ವ್ಯವಸ್ಥೆಯಲ್ಲಿ 14416 ಎಂಬ ಸಂಖ್ಯೆಗೆ ಫೋನು ಮಾಡಿದರೆ, ಮನಸ್ಸಿನ ತೊಂದರೆಗಳಿಗೆ ಖರ್ಚಿಲ್ಲದೆ ಸಲಹೆ ದೊರೆಯುತ್ತದೆ, ಕನ್ನಡದಲ್ಲಿಯೂ ಮಾತಾಡಬಹುದು. ತೋಟದ ನಡುವೆ, ಸಂಕ ದಾಟಿ, ಪೇಟೆಗೆ ಹತ್ತಾರು ಮೈಲು ದೂರದಲ್ಲಿರುವ ಮನೆಗಳಿಗೆ ಇದು ವಿಶೇಷವಾಗಿ ಅನುಕೂಲವಾದುದು.

ಭೀತಿಯ ಆಟಗಳನ್ನು ಪೂರ್ತಿಯಾಗಿ ಹೊರಗೆ ಹಾಕುತ್ತೇವೆಂದರೆ ಅದು ಆಗುವ ಮಾತಲ್ಲ; ನೆರೆಮನೆಯ ಮೊಬೈಲಿನಲ್ಲಿ ಅವು ಇದ್ದೇ ಇರುತ್ತವೆ. ಬೆಳೆದ ಮಕ್ಕಳು ಹದವರಿತು ಆಡಿದರೆ ಅದರಿಂದ ಕೆಡುಕೇ ಆಗುವುದೆಂದೂ ನಾವು ಹೇಳಲಾರೆವು. ನಮ್ಮ ಬಿನ್ನಹವಿಷ್ಟೆ: ಈ ವಾರ ಒಂದು ದಿನ, ಸಂಜೆಯ ಕೆಲಸಕ್ಕೆ ಏಳುವ ಮೊದಲು, ಮಗುವಿನ ಪಕ್ಕದಲ್ಲಿ ಕುಳಿತು ‘ಅದು ಎಂಥ ಆಟ, ನನಗೂ ತೋರಿಸು’ ಎಂದು ಕೇಳಿರಿ. ಹಗ್ಗದ ಒಂದು ತುದಿ ಅಲ್ಲಿಂದಲೇ ನಿಮ್ಮ ಕೈಗೆ ಬರುತ್ತದೆ.